ಕಣಿವೆಮರಡಿ ಪಂಚಾಯಿತಿಯ ಪ್ರಭಾರ ಪತಿ

ಸಿರಾ ತಾಲ್ಲೂಕು ಕಣಿವೆಮರಡಿ ಗ್ರಾಮ ಪಂಚಾಯಿತಿಯ ಅಧ್ಯಕ್ಷ ಸ್ಥಾನವು ಮಹಿಳೆಗೆ ಮೀಸಲಾಗಿದ್ದು, ಸದರಿ ಸ್ಥಾನಕ್ಕೆ ಶ್ರೀಮತಿ ಸರ್ವಮಂಗಳಾ ಎಂಬುವರು ಕಾನೂನುಬದ್ಧವಾಗಿ ಆಯ್ಕೆಯಾದ್ದರಿಂದ, ಅವರ ಪತಿ ಚನ್ನಮಲ್ಲಯ್ಯನವರು ಅದೇ ದಿನ ಅಧಿಕಾರ ವಹಿಸಿಕೊಂಡರು.

ಇದರಲ್ಲಿ ಯಾವ ಲೋಪವೂ ಇರಲಿಲ್ಲ. ಮೊದಲ ಸಭೆಯ ಮೊದಲ ಠರಾವಿನಲ್ಲಿ ಅಧ್ಯಕ್ಷರನ್ನು ಅಭಿನಂದಿಸಲಾಯಿತು. ಎರಡನೆಯ ಠರಾವನ್ನು ಚನ್ನಮಲ್ಲಯ್ಯನವರು ನಿಂತುಕೊಂಡೇ ಹೇಳಿ ಬರೆಸಿದರು. "ಅಧ್ಯಕ್ಷರ ಕುರ್ಚಿಯಲ್ಲಿ ಅಧ್ಯಕ್ಷರ ಪತಿಯವರು ಆಸೀನರಾಗತಕ್ಕದ್ದು. ಪತಿಯವರು ಪುರುಷರೇ ಆಗಿರತಕ್ಕದ್ದು." ಎರಡನೇ ವಾಕ್ಯಕ್ಕೆ ಕಾರಣವಿತ್ತು. ಪಕ್ಕದ ಪಂಚಾಯಿತಿಯಲ್ಲಿ ಅಧ್ಯಕ್ಷೆಯ ಗಂಡ ಊರಲ್ಲಿಲ್ಲದ ಒಂದು ದಿನ ಆಕೆಯ ಅತ್ತೆ ಬಂದು ಕುರ್ಚಿಯಲ್ಲಿ ಕೂತವರು ಎರಡು ವರ್ಷ ಎದ್ದಿರಲಿಲ್ಲ. ಠರಾವಿನ ಕೊನೆಗೆ ಅಭಿವೃದ್ಧಿ ಅಧಿಕಾರಿ ಅಂಬರೀಶ್ ತಮ್ಮ ಕಡೆಯಿಂದ ಒಂದು ಸಾಲು ಸೇರಿಸಿದರು: "ಪತಿಯವರ ಹುದ್ದೆಯು ಯಾವುದೇ ಕಾರಣದಿಂದ ತೆರವಾದಲ್ಲಿ, ಕಚೇರಿಯಲ್ಲಿ ನಂತರದ ಸ್ಥಾನದಲ್ಲಿರುವವರು ಪ್ರಭಾರ ವಹಿಸತಕ್ಕದ್ದು." ಹುದ್ದೆ ಎಂಬ ಪದ ಬಂದ ಮೇಲೆ ಪ್ರಭಾರದ ಸಾಲು ಬರದಿದ್ದರೆ ಆಡಿಟ್‌ನವರು ಸುಮ್ಮನಿರುವುದಿಲ್ಲ ಎಂಬುದು ಅಂಬರೀಶರ ಹದಿನೇಳು ವರ್ಷದ ಅನುಭವ.

ಅಲ್ಲಿಂದಾಚೆಗೆ ಕಡತಗಳು ಮನೆಗೆ ಬರುತ್ತಿದ್ದವು. ಸರ್ವಮಂಗಳಾ ಒಲೆ ಸಣ್ಣ ಮಾಡಿ, ಕೈಯನ್ನು ಸೆರಗಿಗೆ ಒರೆಸಿಕೊಂಡು, ಅಡುಗೆಮನೆ ಕಟ್ಟೆಯ ಮೇಲೆ ಸಹಿ ಮಾಡುತ್ತಿದ್ದರು. ಮಧುಗಿರಿಯಲ್ಲಿ ಪಿಯುಸಿ ಪಾಸು ಮಾಡಿದ ಹೆಂಗಸು. ಆದ್ದರಿಂದ ಸಹಿಗೆ ಮೊದಲು ಓದುವ ಒಂದು ಅಭ್ಯಾಸ ಇತ್ತು. ಕಡತ ವಿಲೇವಾರಿ ತಡವಾಗುತ್ತದೆಂದು ಚನ್ನಮಲ್ಲಯ್ಯನವರು ಇದನ್ನು ಎರಡು ಮೂರು ಸಲ ಆಕ್ಷೇಪಿಸಿದ್ದರು. ಗಂಡ ಕೆಟ್ಟವರೇನಲ್ಲ. ಹಬ್ಬಕ್ಕೆ ಸೀರೆ ತಾವೇ ಆರಿಸಿ ತರುವರು, ಸಾರಿಗೆ ಉಪ್ಪು ಹೆಚ್ಚಾದರೂ ಉಣ್ಣುವರು. ಹೆಂಡತಿಯ ಕೆಲಸವನ್ನೆಲ್ಲ ತಾವೇ ಹೊತ್ತುಕೊಂಡು ಆಕೆಗೆ ಆಯಾಸವಾಗದಂತೆ ನೋಡಿಕೊಳ್ಳುತ್ತಿದ್ದೇನೆಂದು ಅವರು ಮನಸಾರೆ ನಂಬಿದ್ದರು.

ಕಣಿವೆಮರಡಿಯಲ್ಲಿ ಮಂಗಳವಾರ ಸಂತೆ. ಸಂತೆಮಾಳದ ಮೂಲೆಯಲ್ಲಿ ಹೆಂಗಸರ ಶೌಚಾಲಯವೊಂದನ್ನು ಕಟ್ಟಿ ಮೂರು ವರ್ಷವಾಗಿತ್ತು. ಗುಲಾಬಿ ಬಣ್ಣ ಬಳಿದು, ನೀರಿನ ಟ್ಯಾಂಕು ಕೂರಿಸಿ, ಬೀಗ ಹಾಕಲಾಗಿತ್ತು. ಉದ್ಘಾಟನೆಗೆ ಮುಖ್ಯ ಅತಿಥಿಗಳ ದಿನಾಂಕ ಸಿಕ್ಕಿರಲಿಲ್ಲ. ಕೀಲಿ ಚನ್ನಮಲ್ಲಯ್ಯನವರ ಬೈಕಿನ ಕೀಲಿಯ ಜೊತೆ ತೂಗಾಡುತ್ತಿತ್ತು.

ಒಂದು ಮಂಗಳವಾರ ಸರ್ವಮಂಗಳಾ ಬೆಳ್ಳುಳ್ಳಿ ಕೊಳ್ಳಲು ಹೋದಾಗ, ಸಿರಾದಿಂದ ಬಂದು ಅಂಗಡಿ ಹರಡುವ ರಹೀಮುನ್ನೀಸಾ ಬಿಸಿಲಿಗೆ ಬಾಡಿ ಕೂತಿದ್ದರು. ಸರ್ವಮಂಗಳಾ ತಮ್ಮ ಬಾಟಲಿ ಚಾಚಿದರು.

"ತಗಳಿ ಬೂಬಮ್ಮ, ಒಂದು ಗುಟುಕು ಕುಡೀರಿ."

"ನಕ್ಕೋ ಅಕ್ಕ, ಬ್ಯಾಡ."

"ಯಾಕೆ? ಕೊಡದ್ ನೀರೇ, ತಣ್ಣಗೈತೆ."

"ನೀರು ತಣ್ಣಗೈತೆ, ನಂಗೂ ಗೊತ್ತು. ಕುಡುದ್ ಮ್ಯಾಲೆ ಎಲ್ಲಿಗೋಗ್ಲಿ? ಮಂಗಳವಾರ ಬೆಳಗ್ಗಿಂದ ಸಿರಾ ಬಸ್ಸು ಇಳಿಯೋಗಂಟ ಒಂದು ತೊಟ್ಟು ಕುಡಿಯಲ್ಲ ನಾನು. ಇಲ್ಲಿ ಕೂತಿರೋ ಅಷ್ಟೂ ಹೆಂಗಸ್ರು ಅಂಗೇ." ರಹೀಮುನ್ನೀಸಾ ಗುಲಾಬಿ ಕಟ್ಟಡದ ಕಡೆ ಗಲ್ಲ ಎತ್ತಿ ತೋರಿಸಿದರು. "ಅದೇನು ಅಕ್ಕ, ಯಾರ್ದಾನ ದರ್ಗಾನಾ? ಬೀಗ ಹಾಕಿ ಬರೀ ನೋಡೋಕೆ ಮಡಗವ್ರೆ?"

ಎದುರಿಗಿರುವಾಕೆ ಅಧ್ಯಕ್ಷರೆಂಬುದು ರಹೀಮುನ್ನೀಸಾಗೆ ತಿಳಿದಿರಲಿಲ್ಲ. ಹೇಳಲು ಸರ್ವಮಂಗಳಾಗೆ ನಾಚಿಕೆಯಾಯಿತು.

ಮನೆಯಲ್ಲಿ ಕೇಳಿದಾಗ ಚನ್ನಮಲ್ಲಯ್ಯ, "ಉದ್ಘಾಟನೆ ಆಗ್ದಲೆ ಬೀಗ ತೆಗುದ್ರೆ ಶಿಷ್ಟಾಚಾರ ಉಲ್ಲಂಘನೆ ಆಯ್ತದೆ ಕಣೆ. ನಿಂಗೆ ಆಡಳಿತ ಗೊತ್ತಾಗಕಿಲ್ಲ, ಬುಡು" ಎಂದರು. ಆಕೆ ಸುಮ್ಮನಾಗದೆ ಕಾಗದದಲ್ಲಿ ಬರೆದು ಸಭೆಗೆ ಕಳಿಸಿದರು. ನಡವಳಿ ಪುಸ್ತಕದಲ್ಲಿ ದಾಖಲಾಯಿತು: "ವಿಷಯ ಮಂಡಿಸಬೇಕಾದ ಅಧ್ಯಕ್ಷರು ಗೈರುಹಾಜರಾಗಿರುವುದರಿಂದ ಮುಂದೂಡಲಾಗಿದೆ." ಹೀಗೆ ನಾಲ್ಕು ಸಭೆಗಳಲ್ಲಿ ಮುಂದೂಡಲಾಯಿತು. ಐದನೆಯದಕ್ಕೆ ಸರ್ವಮಂಗಳಾ ಖುದ್ದಾಗಿ ಹೋದರು. ಕೂರಲು ಕುರ್ಚಿ ಇಲ್ಲದ್ದರಿಂದ ಬಾಗಿಲ ಬಳಿ ನಿಂತರು. ನಿಂತವರನ್ನು ಹಾಜರಿಗೆ ಪರಿಗಣಿಸುವ ಅವಕಾಶವಿಲ್ಲವೆಂದು ಅಂಬರೀಶ್ ಬಹಳ ವಿನಯದಿಂದ ತಿಳಿಸಿದರು.

ಇಂತಿರುವಾಗ ಪ್ರಾಂತೀಯ ಮಹಿಳಾ ಸಾಮರ್ಥ್ಯ ಕೋಶದಿಂದ ಸುತ್ತೋಲೆ ಬಂತು. ಮಧುಗಿರಿ, ಸಿರಾ, ಕೊರಟಗೆರೆ, ಪಾವಗಡ ತಾಲ್ಲೂಕುಗಳಿಂದ ಆಯ್ದ ಹದಿನಾಲ್ಕು ಮಹಿಳಾ ಅಧ್ಯಕ್ಷರಿಗೆ ಸಿರಾದಲ್ಲಿ ಮೂರು ದಿನದ ತರಬೇತಿ. ವಿಷಯ: ಸ್ಪ್ಯಾನಿಷ್ ಭಾಷಿಕ ದೇಶಗಳಲ್ಲಿ ಮಹಿಳಾ ಮತದಾನದ ಹಕ್ಕಿನ ಇತಿಹಾಸ. ಕೋಶದ ಹಿರಿಯರೊಬ್ಬರು ಅಧ್ಯಯನ ಪ್ರವಾಸಕ್ಕೆಂದು ಸ್ಪೇನಿಗೆ ಹೋಗಿ ಹನ್ನೊಂದು ದಿನ ಇದ್ದು ಬಂದಿದ್ದರು. ಅಲ್ಲಿ ಗಳಿಸಿದ ಜ್ಞಾನವನ್ನು ಮಾರ್ಚ್ ಮೂವತ್ತೊಂದರೊಳಗೆ ಜನರಿಗೆ ಹಂಚಿ ಮುಗಿಸದಿದ್ದರೆ ಅದು ಕಾಲಬಾಧಿತವಾಗುತ್ತಿತ್ತು.

ಹದಿನಾಲ್ಕೂ ಅಧ್ಯಕ್ಷರ ಪತಿಯಂದಿರು ಸಮಯಕ್ಕೆ ಸರಿಯಾಗಿ ಬಂದರು. ಹಾಜರಿ ಯಂತ್ರ ಮಾತ್ರ ಅಧ್ಯಕ್ಷರದೇ ಹೆಬ್ಬೆಟ್ಟು ಕೇಳುತ್ತಿದ್ದುದರಿಂದ, ಅಧ್ಯಕ್ಷರನ್ನೂ ಟೆಂಪೋದಲ್ಲಿ ಕರೆತರಲಾಗಿತ್ತು. ಬಾಗಿಲಲ್ಲಿ ಹೆಬ್ಬೆಟ್ಟು ಒತ್ತಿ ಅವರು ಸಮುದಾಯ ಭವನದ ಜಗಲಿಯಲ್ಲಿ ಕೂತರು. ಗಂಡಂದಿರು ಒಳಗೆ ಹೋದರು.

ಕೋಶದ ತರಬೇತಿ ಅಧಿಕಾರಿ ಪ್ರಸನ್ನ ಕುಮಾರ್‌ಗೆ ಬೆವರು ಕಿತ್ತುಕೊಂಡಿತು. ಫಲಾನುಭವಿಗಳು ಮಹಿಳೆಯರಾಗಿರಬೇಕು. ಕಂಪ್ಯೂಟರ್ ಬೇರೇನನ್ನೂ ಒಪ್ಪುವುದಿಲ್ಲ. ಆದರೆ ತಾವೂ ಒಬ್ಬ ಅನುಭವಿ. ಅರ್ಧ ಗಂಟೆಯಲ್ಲಿ ಮುಚ್ಚಳಿಕೆಯ ನಮೂನೆಯೊಂದನ್ನು ಸಿದ್ಧಪಡಿಸಿ ಹಂಚಿದರು.

"ಸಾರ್, ಇದೇನಿದು?" ಎಂದರು ಚನ್ನಮಲ್ಲಯ್ಯ.

"ಫಾರ್ಮಾಲಿಟಿ ಸಾರ್. ಸೈನ್ ಮಾಡಿದೋರಿಗೆ ಬ್ಯಾಗು, ಫ್ಲಾಸ್ಕು."

ಹದಿನಾಲ್ಕು ಮಂದಿಯೂ ಸಹಿ ಮಾಡಿದರು. ಕೊರಟಗೆರೆ ಕಡೆಯವರೊಬ್ಬರು ಎರಡು ಕಡೆ ಸಹಿ ಮಾಡಿ ಎರಡು ಫ್ಲಾಸ್ಕು ಕೇಳಿದರು.

ಪಾಠ ಮಾಡಲು ಬಂದವರು ಮಹಜಬೀನ್ ಎಂಬ ಇತಿಹಾಸದ ಉಪನ್ಯಾಸಕಿ, ಸಿರಾದವರೇ. ಅವರು ನಿಜಕ್ಕೂ ಓದಿಕೊಂಡು ಬಂದಿದ್ದರು, ಸುತ್ತೋಲೆ ಹೊರಡಿಸಿದವರು ಇದನ್ನು ನಿರೀಕ್ಷಿಸಿರಲಿಲ್ಲ. ಭವನದ ಧ್ವನಿವರ್ಧಕ ಮದುವೆಗಳಿಗೆಂದು ಹೊರಮುಖವಾಗಿ ಕಟ್ಟಿದ್ದು. ಹಾಗಾಗಿ ಒಳಗೆ ಪತಿಯಂದಿರಿಗೆ ಗುಯ್ಯೆಂಬ ಸದ್ದಷ್ಟೇ ಕೇಳಿ ಹಿತವಾದ ನಿದ್ದೆ ಬಂತು. ಜಗಲಿಯಲ್ಲಿದ್ದ ಅಧ್ಯಕ್ಷರಿಗೆ ಅಕ್ಷರ ಅಕ್ಷರವೂ ಕೇಳಿತು.

"ಸಾವಿರದ ಒಂಬೈನೂರ ಮೂವತ್ತೊಂದರಲ್ಲಿ ಸ್ಪೇನಿನಲ್ಲಿ ಒಂದು ವಿಚಿತ್ರ ಇತ್ತು," ಎನ್ನುತ್ತಿದ್ದರು ಮಹಜಬೀನ್. "ಹೆಂಗಸರು ಸಂಸತ್ತಿಗೆ ಆಯ್ಕೆಯಾಗಬಹುದು, ಆದರೆ ಓಟು ಹಾಕೋ ಹಾಗಿಲ್ಲ. ಸಭೆಯಲ್ಲಿ ಹೆಂಗಸರ ಓಟಿನ ಚರ್ಚೆ ಬಂದಾಗ ಕ್ಲಾರಾ ಅನ್ನೋ ವಕೀಲೆ ಎದ್ದು ನಿಂತು ಈಗಲೇ ಕೊಡಿ ಅಂದರು. ಕೊಟ್ಟರೆ ಪಾದ್ರಿ ಹೇಳಿದವರಿಗೆ, ಗಂಡ ಹೇಳಿದವರಿಗೆ ಹಾಕ್ತಾರೆ, ಸ್ವಲ್ಪ ದಿನ ತಡೀರಿ ಅಂದವರು ಬಹಳ. ಇನ್ನೊಬ್ಬ ಸದಸ್ಯೆಯೇ ಈಗ ಬೇಡ ಅಂದುಬಿಟ್ಟರು. ಕೊನೆಗೆ ಓಟಿಗೆ ಹಾಕಿದರು. ಕ್ಲಾರಾ ಗೆದ್ದರು."

ಜಗಲಿಯಲ್ಲಿ ಪಾವಗಡ ಕಡೆಯ ಅಧ್ಯಕ್ಷೆ ಲಕ್ಷ್ಮೀದೇವಿ ಬಾಯಿಯ ಎಲೆಯಡಿಕೆ ಒಂದು ಕಡೆಗೆ ಸರಿಸಿ, ತಮ್ಮ ತೆಲುಗು ಬೆರೆತ ಕನ್ನಡದಲ್ಲಿ, "ಅಮ್ಮೋ! ಅವ್ರಿಗೆ ಕುರ್ಚಿ ಐತೆ, ಓಟಿಲ್ಲ. ಮನಕಿ ಓಟೈತೆ, ಕುರ್ಚಿ ಇಲ್ಲ. ಎರಡೂ ಕೂಡಿಸಿದ್ರೆ ಒಂದು ಪೂರ್ತಿ ಹೆಂಗಸಾಯ್ತಾಳೆ, ಅಂತೇ ಗದಾ?" ಎಂದರು.

ಮುಂದೆ ಉರುಗ್ವೆ ಎಂಬ ದೇಶದ ಒಂದು ಊರು ಬಂತು. ಮೂರು ಜಿಲ್ಲೆಗಳಿಗೆ ಹಂಚಿಹೋದ ಊರಂತೆ. ಯಾವ ಜಿಲ್ಲೆಗೆ ಸೇರಬೇಕೆಂದು ಊರವರನ್ನೇ ಕೇಳಿದಾಗ ಹೆಂಗಸರೂ ಓಟು ಹಾಕಿದರು, ಆ ಖಂಡದಲ್ಲೇ ಮೊದಲು. "ಅದೂ ಮಾ ಪಾವಗಡದ ತರಾನೇ ಐತೆ. ಹೋದ ಕಡೆಯೆಲ್ಲ ಗಡಿ," ಎಂದು ಲಕ್ಷ್ಮೀದೇವಿ ಆ ಊರಿನ ಬಗ್ಗೆ ವಿಶೇಷ ಅಭಿಮಾನ ತೋರಿದರು.

ಎರಡನೇ ದಿನ ಅರ್ಜೆಂಟೀನಾ. "ಹುಲಿಯೆಟಾ ಅಂತ ಒಬ್ಬರು ಡಾಕ್ಟರು," ಎಂದು ಮಹಜಬೀನ್ ಶುರುಮಾಡಿದ್ದೇ ಜಗಲಿಯಲ್ಲಿ ಯಾರೋ, "ಹುಲಿಕುಂಟೆ ಕಡೆಯೋರಾ?" ಎಂದರು. ನಗುವಿನ ನಡುವೆಯೂ ಸರ್ವಮಂಗಳಾ ಕಿವಿ ನಿಮಿರಿಸಿದ್ದರು. ಆ ಡಾಕ್ಟರಮ್ಮ ತಮ್ಮ ಊರಿನ ಮತದಾರರ ಪಟ್ಟಿಯ ನಿಯಮವನ್ನು ತರಿಸಿಕೊಂಡು ಓದಿದರಂತೆ. ಇಂತಿಷ್ಟು ವಯಸ್ಸು, ಇಂಥ ವೃತ್ತಿ, ತೆರಿಗೆ ಕಟ್ಟಿರಬೇಕು ಎಂದೆಲ್ಲ ಇತ್ತು. ಗಂಡಸಾಗಿರಬೇಕು ಎಂದು ಬರೆಯುವುದನ್ನು ಮರೆತಿದ್ದರು. ಯಾಕೆಂದರೆ ಹೆಂಗಸು ಬಂದು ಕೇಳುತ್ತಾಳೆಂದು ಯಾರಿಗೂ ಹೊಳೆದಿರಲಿಲ್ಲ. ಆಕೆ ಹೋಗಿ ಹೆಸರು ಸೇರಿಸಿ, ಸಾವಿರದ ಒಂಬೈನೂರ ಹನ್ನೊಂದರಲ್ಲಿ ಓಟು ಹಾಕಿಯೇ ಬಂದರು. ಆಮೇಲೆ ಪಟ್ಟಿಯನ್ನು ಸೈನ್ಯದ ದಾಖಲೆಗೆ ಗಂಟು ಹಾಕಿದರು. ಆಕೆ ಸೈನ್ಯಕ್ಕೆ ಸೇರಿಸಿಕೊಳ್ಳಿ ಎಂದು ಅರ್ಜಿ ಹಾಕಿದರು.

ಸರ್ವಮಂಗಳಾ ಎದ್ದು ಕಿಟಕಿಯ ಸರಳು ಹಿಡಿದರು. "ಮೇಡಂ, ಒಂದು ಪ್ರಶ್ನೆ. ಸೇರಿಸ್ಕಂಡ್ರಾ?"

ಮಹಜಬೀನ್‌ಗೆ ಮೂರು ದಿನದಲ್ಲಿ ಬಂದ ಒಂದೇ ಪ್ರಶ್ನೆ ಅದು. ಅವರು ಕಿಟಕಿಯ ಹತ್ತಿರಕ್ಕೇ ಬಂದರು. "ಇಲ್ಲಮ್ಮ. ಅಲ್ಲಿ ಎಲ್ಲ ಹೆಂಗಸರಿಗೂ ಓಟು ಬರೋಕೆ ಇನ್ನೂ ಮೂವತ್ತಾರು ವರ್ಷ ಹಿಡೀತು."

"ಆದ್ರೂ ಆಯಮ್ಮ ಅದನ್ನ ಓದ್ಬುಟ್ಟು ಹೋದ್ರಲ್ಲ ಮೇಡಂ."

"ಹೂಂ. ಓದಿಬಿಟ್ಟು ಹೋದರು."

ಮೂರನೇ ದಿನ ಪ್ರಮಾಣಪತ್ರ ವಿತರಣೆಯಾಯಿತು. "ಶ್ರೀಮತಿ ಚನ್ನಮಲ್ಲಯ್ಯನವರು ಮಹಿಳಾ ನಾಯಕಿಯಾಗಿ ಯಶಸ್ವಿಯಾಗಿ ರೂಪುಗೊಂಡಿದ್ದಾರೆ" ಎಂದಿತ್ತು. ಅಚ್ಚಿನ ತಪ್ಪೆಂದು ಚನ್ನಮಲ್ಲಯ್ಯ ನಕ್ಕು, ಬಂಗಾರದ ಅಂಚು ಚೆನ್ನಾಗಿದೆಯೆಂದು ಅದನ್ನು ಕಚೇರಿಯ ಗೋಡೆಗೆ ಹಾಕಿಸಿದರು.

ವಾರದ ಮೇಲೆ ಕೋಶದಿಂದ ಪಂಚಾಯಿತಿಗೆ ಬಂದ ಕಡತ ಎಂದಿನಂತೆ ಅಡುಗೆಮನೆಗೆ ಬಂತು. ಸರ್ವಮಂಗಳಾ ಮುದ್ದೆ ಕೋಲು ಕೆಳಗಿಟ್ಟು ಓದಿದರು. ಒಳಗೆ ಮುಚ್ಚಳಿಕೆಯ ಪ್ರತಿ ಇತ್ತು. "ಈ ಕೆಳಗೆ ಸಹಿ ಮಾಡಿರುವ ನಾನು, ತರಬೇತಿಯ ಉದ್ದೇಶಕ್ಕಾಗಿಯೂ, ತದನಂತರ ಮೇಲಿನ ಕಚೇರಿಯು ತರಬೇತಿ ಅನುದಾನದ ಬಳಕೆ ವರದಿಯನ್ನು ಅಂಗೀಕರಿಸುವವರೆಗೂ, ಸರ್ವ ವಿಧದಲ್ಲಿಯೂ ಮಹಿಳೆಯೆಂದು ಭಾವಿಸಲ್ಪಡಲು ಒಪ್ಪಿರುತ್ತೇನೆ."

ಅವರು ಅದನ್ನು ಎರಡು ಸಲ ಓದಿದರು. ಆಮೇಲೆ ಒಲೆ ಆರಿಸಿದರು. ಬೀರುವಿನಿಂದ ಠರಾವು ಪುಸ್ತಕದ ನಕಲು ತೆಗೆದು ಎರಡನೇ ಠರಾವನ್ನು ಓದಿದರು. ಆ ದಿನ ಮುದ್ದೆ ಗಂಟಾಯಿತು. ಚನ್ನಮಲ್ಲಯ್ಯ ಏನೂ ಅನ್ನದೆ ಉಂಡರು, ಅದಕ್ಕೆ ಆಕೆಗೆ ಸ್ವಲ್ಪ ಸಂಕಟವೂ ಆಯಿತು.

ಮರುದಿನ ಸಭೆ. ಸರ್ವಮಂಗಳಾ ಬಂದು ಬಾಗಿಲ ಬಳಿ ನಿಂತು ಎರಡೂ ಕಾಗದಗಳನ್ನು ಅಂಬರೀಶರ ಕೈಗಿಟ್ಟರು.

"ಸಾರ್, ಕುರ್ಚೀಲಿ ಕೂರೋ ಪತಿ ಗಂಡಸೇ ಆಗಿರ್ಬೇಕು ಅಂತೈತಲ್ಲ?"

"ಹೌದಮ್ಮ. ಎರಡನೇ ಠರಾವು."

"ಈಗ ಕೂತಿರೋರು ಗಂಡಸಾ?"

"ಲೇ ಏನಂದೆ?" ಎಂದು ಚನ್ನಮಲ್ಲಯ್ಯ ಅರ್ಧ ಎದ್ದರು.

ಅಂಬರೀಶ್ ಕನ್ನಡಕ ಏರಿಸಿ ಮುಚ್ಚಳಿಕೆ ಓದಿದರು. ಚನ್ನಮಲ್ಲಯ್ಯನವರ ಮೀಸೆ ನೋಡಿದರು. ಗೋಡೆಯ ಮೇಲಿನ ಪ್ರಮಾಣಪತ್ರ ನೋಡಿದರು. ಮತ್ತೆ ಮುಚ್ಚಳಿಕೆ ಓದಿದರು. ಮೀಸೆಗೆ ಮೊಹರಿರಲಿಲ್ಲ. ಉಳಿದ ಎರಡಕ್ಕೂ ಇತ್ತು.

"ದಾಖಲೆ ಪ್ರಕಾರ ಅಲ್ಲ," ಎಂದರು ಅಂಬರೀಶ್, ನೋವಿನಿಂದ. "ಪತಿಯವರ ಹುದ್ದೆ ತೆರವಾಗಿದೆ ಸಾರ್. ತರಬೇತಿ ಶುರುವಾದ ಗುರುವಾರದಿಂದ."

"ಅಂಬರೀಶಪ್ಪ, ನನ್ನ ಮದುವೇಲಿ ಉಂಡಿಲ್ವೇನಯ್ಯ ನೀನು?"

"ಉಂಡಿದೀನಿ ಸಾರ್. ಆದರೆ ಆಡಿಟ್‌ನವರು ಉಂಡಿಲ್ಲ."

ಹಿರಿಯ ಸದಸ್ಯ ತಿಮ್ಮರಾಯಪ್ಪ, ನಂತರದ ಸ್ಥಾನದಲ್ಲಿ ಇರುವವರು ಯಾರೆಂದು ಕೇಳಿದರು. ತಾವೇ ಇರಬಹುದೆಂಬ ಆಸೆ ಧ್ವನಿಯಲ್ಲಿತ್ತು. ಅಂಬರೀಶ್ ವೃಂದ ಪಟ್ಟಿ ತಿರುವಿ ಹಾಕಿ, ಅಧ್ಯಕ್ಷರ ಪತಿಯವರ ನಂತರದ ಸ್ಥಾನದಲ್ಲಿ ಅಧ್ಯಕ್ಷರು ಇರುವುದಾಗಿ ಪ್ರಕಟಿಸಿದರು. ಪ್ರಭಾರಕ್ಕೆ ಗಂಡಸಾಗಿರಬೇಕೆಂಬ ಷರತ್ತು ಠರಾವಿನಲ್ಲಿ ಎಲ್ಲಿಯೂ ಇರಲಿಲ್ಲ. ಬರೆಯಬೇಕೆಂದು ಯಾರಿಗೂ ಹೊಳೆದಿರಲಿಲ್ಲ. ಹೀಗಾಗಿ ಶ್ರೀಮತಿ ಸರ್ವಮಂಗಳಾ ಅವರನ್ನು ತಮ್ಮದೇ ಪ್ರಭಾರ ಪತಿಯನ್ನಾಗಿ ನೇಮಿಸಿ ಸರ್ವಾನುಮತದಿಂದ ಠರಾಯಿಸಲಾಯಿತು.

ಹಸ್ತಾಂತರ ಪಟ್ಟಿ ತಯಾರಾಯಿತು: ಕುರ್ಚಿ ಒಂದು, ಮೊಹರು ಒಂದು, ಶೌಚಾಲಯದ ಕೀಲಿ ಒಂದು. ಚನ್ನಮಲ್ಲಯ್ಯ ಗೊಂಚಲಿನಿಂದ ಕೀಲಿ ಬಿಡಿಸುವಾಗ ಉಗುರು ಸಿಕ್ಕಿ ಕಿತ್ತು ರಕ್ತ ಬಂತು. ಸರ್ವಮಂಗಳಾ ಸೆರಗಿನ ತುದಿ ಒತ್ತಿ ಹಿಡಿದರು. "ನೋಯ್ತಾ?" ಎಂದರು ಮೆಲ್ಲಗೆ. "ಹೂಂ" ಎಂದರು ಚನ್ನಮಲ್ಲಯ್ಯ. ಯಾವುದನ್ನು ಕುರಿತು ಕೇಳಿದರೆಂದಾಗಲಿ, ಯಾವುದಕ್ಕೆ ಹೂಂ ಅಂದರೆಂದಾಗಲಿ ನಡವಳಿಯಲ್ಲಿ ದಾಖಲಾಗಿಲ್ಲ.

ಕುರ್ಚಿ ಗಂಡನ ಎತ್ತರಕ್ಕೆ ಮಾಡಿಸಿದ್ದು. ಕೂತಾಗ ಆಕೆಯ ಕಾಲು ನೆಲಕ್ಕೆ ಎಟುಕಲಿಲ್ಲ. ಅಂಬರೀಶ್ ಹಳೆಯ ಆಡಿಟ್ ವರದಿಗಳ ಕಟ್ಟೊಂದನ್ನು ತಂದು ಪಾದದಡಿ ಇಟ್ಟರು. ಮೊದಲ ವಿಷಯವನ್ನು ಪ್ರಭಾರ ಪತಿಯವರೇ ಮಂಡಿಸಿ, ಪ್ರಭಾರ ಪತಿಯವರೇ ಅಂಗೀಕರಿಸಿದರು. ಮುಂದಿನ ಮಂಗಳವಾರ ಗುಲಾಬಿ ಕಟ್ಟಡದ ಬೀಗ ತೆಗೆಯಲಾಯಿತು. ಮುಖ್ಯ ಅತಿಥಿ ಯಾರೆಂಬ ಅಂಕಣ ಖಾಲಿ ಬಿಡುವಂತಿಲ್ಲವಾದ್ದರಿಂದ, ಆ ಹೊತ್ತಿಗೆ ತುರ್ತಾಗಿ ಅಲ್ಲಿಗೆ ಬಂದ ಶ್ರೀಮತಿ ರಹೀಮುನ್ನೀಸಾ, ಬೆಳ್ಳುಳ್ಳಿ ವ್ಯಾಪಾರಸ್ಥರು, ಸಿರಾ ಎಂದು ಬರೆಯಲಾಯಿತು. ಅವರ ಭಾಷಣ ಚಿಕ್ಕದಾಗಿತ್ತು: "ಸರೀರಿ ಸರೀರಿ, ಆಮೇಲೆ ಮಾತಾಡೋಣ."

ಚನ್ನಮಲ್ಲಯ್ಯ ಸುಮ್ಮನೆ ಕೂರಲಿಲ್ಲ. ಸಿರಾಕ್ಕೆ ಹೋಗಿ ಪ್ರಸನ್ನ ಕುಮಾರ್ ಎದುರು ಫ್ಲಾಸ್ಕು ಇಟ್ಟು, "ತಗಳಿ ಇದನ್ನ. ನನ್ನನ್ನ ವಾಪಸ್ ಗಂಡಸು ಮಾಡ್ಬುಡಿ" ಎಂದರು.

"ಆಗಲ್ಲ ಸಾರ್. ನೀವು ಸಾಧನೆ ಪಟ್ಟಿಯಲ್ಲಿ ಸೇರಿಬಿಟ್ಟಿದ್ದೀರಿ. ಹದಿನಾಲ್ಕು ಮಹಿಳೆಯರು ಅಂತ ವರದಿ ಹೋಗಿದೆ. ಒಬ್ಬರು ಕಮ್ಮಿಯಾದರೆ ಯಾಕೆ ಕಮ್ಮಿಯಾದರು ಅಂತ ಕೇಳ್ತಾರೆ. ಮಹಿಳೆಯೊಬ್ಬರು ಕಾಣೆಯಾಗಿದ್ದಾರೆ ಅಂತ ಆಗಿಬಿಡುತ್ತೆ."

"ಮತ್ತೆ ಎಂದಿಗೆ ಬುಡ್ತೀರಿ?"

"ಬಳಕೆ ವರದಿ ಅಂಗೀಕಾರ ಆಗಲಿ. ಅಲ್ಲೀವರೆಗೆ ಸಹಕರಿಸಿ. ಅಂದಹಾಗೆ ಮಾರ್ಚ್ ಎಂಟಕ್ಕೆ ಸನ್ಮಾನ ಇದೆ. ನಿಮ್ಮ ಹೆಸರೂ ಇದೆ, ಖಂಡಿತ ಬರಬೇಕು."

ಅವರು ಹೋದರು. ಹೂವು, ಹಣ್ಣು, ರವಿಕೆ ಕಣ ಕೊಟ್ಟರು. ವೇದಿಕೆಯಲ್ಲಿ ಎರಡು ಮಾತು ಆಡಬೇಕೆಂದಾಗ, ಅಧಿಕಾರ ಕೈಯಲ್ಲಿದ್ದೂ ಇಲ್ಲದಂತಿರುವ ಕಷ್ಟದ ಬಗ್ಗೆ ಅವರು ಎಷ್ಟು ಮನಮುಟ್ಟುವಂತೆ ಮಾತಾಡಿದರೆಂದರೆ, ಮುಂದಿನ ಸಾಲಿನಲ್ಲಿದ್ದ ಮಹಜಬೀನ್ ತಲೆ ತಗ್ಗಿಸಿ ಬಹಳ ಹೊತ್ತು ಭುಜ ಅಲುಗಿಸುತ್ತಿದ್ದರು. ಅಳುತ್ತಿದ್ದಾರೆಂದು ಅಕ್ಕಪಕ್ಕದವರು ಭಾವಿಸಿದರು.

ಅಷ್ಟರಲ್ಲಿ ಸುದ್ದಿ ನಾಲ್ಕೂ ತಾಲ್ಲೂಕಿಗೆ ಹಬ್ಬಿತ್ತು. ಲಕ್ಷ್ಮೀದೇವಿ ಪಾವಗಡದಿಂದ ಬಸ್ಸಿನಲ್ಲಿ ಬಂದು ಠರಾವಿನ ದೃಢೀಕೃತ ಪ್ರತಿ ಒಯ್ದರು. ಉಳಿದ ಹನ್ನೆರಡು ಮಂದಿಯೂ ಒಯ್ದರು. ಒಂದೇ ಬಗೆಯ ಠರಾವು ಹದಿನಾಲ್ಕು ಪಂಚಾಯಿತಿಗಳಿಂದ ಬಂದದ್ದನ್ನು ಕಂಡ ಕೋಶವು, ಇದು ಮೊದಲಿನಿಂದಲೂ ತನ್ನದೇ ಯೋಜನೆಯಾಗಿತ್ತೆಂದು ಮನಗಂಡು, "ಪ್ರಭಾರ ಪತಿ (ಮಹಿಳೆ)" ಎಂಬ ಹುದ್ದೆಗೆ ಮಾರ್ಗಸೂಚಿ ಹೊರಡಿಸಿತು.

ಎಂಟು ತಿಂಗಳ ನಂತರ ಬಳಕೆ ವರದಿ ಅಂಗೀಕಾರವಾಯಿತು. ಚನ್ನಮಲ್ಲಯ್ಯ ಪುರುಷರೆಂಬ ಆದೇಶ ಕೈಗೆ ಬಂದ ದಿನವೇ ಗಡ್ಡ ಹೆರೆಸಿ, ಇಸ್ತ್ರಿ ಅಂಗಿ ತೊಟ್ಟು ಪಂಚಾಯಿತಿಗೆ ಬಂದರು. ಸರ್ವಮಂಗಳಾ ಸಂತೆಮಾಳದ ದೀಪದ ಕಡತ ನೋಡುತ್ತಿದ್ದರು. ಕುರ್ಚಿಯ ಕಾಲನ್ನು ಬಡಗಿ ಕರೆಸಿ ನಾಲ್ಕು ಬೆರಳು ಕೊಯ್ಯಿಸಿದ್ದರು.

"ಅಂಬರೀಶಪ್ಪ, ತಗಾ ಆದೇಶ. ನನ್ನ ಹುದ್ದೆ ನಂಗೆ ಕೊಡು."

ಅಂಬರೀಶ್ ಓದಿದರು. "ಸಾರ್, ಪ್ರಭಾರದಲ್ಲಿ ಆರು ತಿಂಗಳು ಮೀರಿದವರನ್ನು ಮಾರ್ಗಸೂಚಿ ಪ್ರಕಾರ ಕಾಯಂ ಮಾಡಲಾಗಿದೆ. ಅಧ್ಯಕ್ಷರ ಪತಿ ಈಗ ಅಮ್ಮಾವರೇ."

"ಅವಳು ಪತಿ ಆದ್ರೆ, ಅಧ್ಯಕ್ಷರು ಯಾರಯ್ಯ?"

"ಆ ಸ್ಥಾನ ಒಂದು ರೀತಿ ಖಾಲಿ ಅನ್ನಬಹುದು ಸಾರ್."

ಚನ್ನಮಲ್ಲಯ್ಯನವರ ಮುಖ ಅರಳಿತು. "ಅಂಗಾದ್ರೆ ಅದಕ್ಕೇ ನನ್ನ ಹಾಕ್ಬುಡು."

"ಅದು ಮಹಿಳೆಗೆ ಮೀಸಲು ಸಾರ್," ಎಂದರು ಅಂಬರೀಶ್, ಆದೇಶವನ್ನು ಮಡಿಸಿ ಹಿಂದಿರುಗಿಸುತ್ತ. "ನಿನ್ನೆ ಬಂದಿದ್ದರೆ ನೋಡಬಹುದಿತ್ತು."

ಚನ್ನಮಲ್ಲಯ್ಯ ಬಹಳ ಹೊತ್ತು ಯೋಚಿಸಿದರು. ತರ್ಕದಲ್ಲಿ ಎಲ್ಲೂ ತಪ್ಪು ಸಿಗಲಿಲ್ಲ. ತಾವೂ ಆಡಳಿತ ನಡೆಸಿದವರೇ. "ಮತ್ತೆ ಅಧ್ಯಕ್ಷರ ಕಡತಕ್ಕೆಲ್ಲ ಯಾರು ರುಜು ಮಾಡೋದು?" ಎಂದರು ಕೊನೆಗೆ.

"ಅಧ್ಯಕ್ಷರ ಪರವಾಗಿ ಅಧ್ಯಕ್ಷರ ಪತಿಯವರು ಸಾರ್. ಎಂದಿನಂತೆ."

ಎಂದಿನಂತೆ ಎಂಬುದು ಅವರಿಗೆ ಸಮಾಧಾನ ಕೊಟ್ಟಿತು. ಪಂಚಾಯಿತಿಯ ಪದ್ಧತಿ ತಪ್ಪಿಲ್ಲವಲ್ಲ. "ಸರಿ ಬುಡು ಅಂಗಾರೆ," ಎಂದು ಬೆಂಚಿನ ಮೇಲೆ ಜಾಗ ನೋಡಿಕೊಂಡು ಕೂತರು. ಮಧ್ಯಾಹ್ನದ ಹೊತ್ತಿಗೆ ಅಧ್ಯಕ್ಷರ ಪತಿಯವರು ಕಡತ ಮುಚ್ಚಿ ಎದ್ದಾಗ, ಅವರೂ ಎದ್ದು ಬೈಕು ಚಾಲೂ ಮಾಡಿದರು. ಇಬ್ಬರೂ ಊಟಕ್ಕೆ ಮನೆಗೆ ಹೋದರು.